ಕೆಂಪು ಗೆರೆ ಎಳೆದ ನಲವತ್ತು

ಹಳಿಯಾಳದ ನಮ್ಮ ಮನೆಯ ಪಡಸಾಲೆಯಲ್ಲಿ ಹೈಸ್ಕೂಲು ಮಕ್ಕಳಿಗೆ ಗಣಿತದ ಟ್ಯೂಷನ್ ಹೇಳುತ್ತೇನೆ. ಒಮ್ಮೆ ನಾನೇ ತಯಾರಿಸಿದ ಪ್ರಶ್ನೆಪತ್ರಿಕೆಯಲ್ಲಿ ನಮ್ಮದೇ ದಾರಿಯ ಲೆಕ್ಕ ಹಾಕಿದ್ದೆ: ಹಳಿಯಾಳದಿಂದ ದಾಂಡೇಲಿಗೆ 30 ಕಿ.ಮೀ., ವೇಗ 60; ದಾಂಡೇಲಿಯಿಂದ ಜೋಯಿಡಾಕ್ಕೆ 30 ಕಿ.ಮೀ., ವೇಗ 30. ಸರಾಸರಿ ವೇಗ ಎಷ್ಟು? 60ಕ್ಕೆ 30 ಕೂಡಿಸಿ, ಎರಡರಿಂದ ಭಾಗಿಸಿ, 45 ಎಂದು ಉತ್ತರ ಗುರುತು ಹಾಕಿಕೊಂಡಿದ್ದೆ. ಜೋಯಿಡಾದ ಒಳಹಳ್ಳಿಯಿಂದ ಬಂದು ಇಲ್ಲಿ ಹಾಸ್ಟೆಲ್ಲಿನಲ್ಲಿದ್ದು ಓದುವ ಹುಡುಗಿ 40 ಎಂದು ಬರೆದಿದ್ದಳು. ಕೆಂಪು ಗೆರೆ ಎಳೆದೆ.

"ಅಕ್ಕೋರೆ, ದಾಂಡೇಲಿ ಆದಮೇಲೆ ಹೆಚ್ಚು ಹೊತ್ತು ಹಿಡೀತದಲ್ರೀ?" ಅಂದಳು. "ಸೂತ್ರ ನೋಡು" ಎಂದು ಕೂರಿಸಿಬಿಟ್ಟೆ.

ಅದಾದ ಕೆಲವೇ ದಿನಕ್ಕೆ, ರಜೆಗೆ ಊರಿಗೆ ಹೊರಟ ಅವಳಿಗೆ ಬಸ್ಸು ತಪ್ಪಿತು. ಜೋಯಿಡಾದಿಂದ ಅವಳ ಊರಿಗೆ ಹೋಗುವ ವಸ್ತಿ ಬಸ್ಸು ಸಂಜೆ ಆರಕ್ಕೆ. ನಾನೇ ಸ್ಕೂಟಿಯಲ್ಲಿ ಬಿಡುತ್ತೇನೆ ಎಂದೆ. 60 ಕಿ.ಮೀ., ಸರಾಸರಿ 45, ಅಂದರೆ ಒಂದು ತಾಸು ಇಪ್ಪತ್ತು ನಿಮಿಷ. 4.35ಕ್ಕೆ ಹೊರಟರೆ ಐದು ನಿಮಿಷ ಕೈಯಲ್ಲಿರುತ್ತದೆ.

ದಾಂಡೇಲಿಯವರೆಗೆ ಅರ್ಧ ತಾಸು, ಅಂದುಕೊಂಡಂತೆಯೇ. ಆಮೇಲೆ ಕಾಡು, ತಿರುವು, ರಸ್ತೆಗೆ ಅಡ್ಡ ನಿಂತ ದನ. ಕಾಳಿ ನದಿಗೆ 101 ಮೀಟರ್ ಎತ್ತರದ ಅಣೆಕಟ್ಟು ಕಟ್ಟಿದಾಗ ಹಳೆಯ ಸೂಪಾ ಊರು ಹಿನ್ನೀರಿನಲ್ಲಿ ಮುಳುಗಿ, ತಾಲ್ಲೂಕಿನ ಕಚೇರಿಗಳೆಲ್ಲ ಜೋಯಿಡಾಕ್ಕೆ ಬಂದವು. ಆ ಸೀಮೆಯ ದಾರಿ ಅವಸರಕ್ಕೆ ಬಗ್ಗುವುದಿಲ್ಲ. ಗಣೇಶಗುಡಿ ದಾಟುವಾಗಲೇ ನನ್ನ ಎದೆ ಹೊಡೆದುಕೊಳ್ಳುತ್ತಿತ್ತು. ಎರಡನೆಯ 30 ಕಿ.ಮೀ.ಗೆ ಪೂರ್ತಿ ಒಂದು ತಾಸು ಹಿಡಿಯಿತು. ನಿಲ್ದಾಣ ಮುಟ್ಟಿದಾಗ 6.05. ಕೆಂಪು ಮಣ್ಣಿನ ಮೇಲೆ ಬಸ್ಸಿನ ಗಾಲಿಯ ಅಚ್ಚು ಹಸಿಯಾಗಿಯೇ ಇತ್ತು.

60 ಕಿ.ಮೀ.ಗೆ ಒಂದೂವರೆ ತಾಸು. ಸರಾಸರಿ 40.

ಅವಳ ಊರಲ್ಲಿ ಫೋನಿಗೆ ಸಿಗ್ನಲ್ ಇಲ್ಲ. ಕೇಳಿಕೊಂಡು ಒಂದು ಜೀಪು ಹೊಂದಿಸಿ ಊರು ಮುಟ್ಟುವಷ್ಟರಲ್ಲಿ ಎಂಟೂವರೆ. ಅವಳ ಅಜ್ಜಿ ರಸ್ತೆ ಬದಿಯ ಕಲ್ಲಿನ ಮೇಲೆ ಕೂತಿದ್ದರು, ಕೈಯಲ್ಲಿ ಬ್ಯಾಟರಿ. ಮೊಮ್ಮಗಳಿಲ್ಲದೆ ಬಂದ ಬಸ್ಸನ್ನು ನೋಡಿಯೂ ಅವರು ಮನೆಗೆ ಹೋಗಿರಲಿಲ್ಲ. ಆ ಬೆಳಕನ್ನು ಒಮ್ಮೆ ಅವಳ ಮುಖಕ್ಕೆ ಹಿಡಿದು, ಕೊಂಕಣಿಯಲ್ಲಿ ಏನೋ ಹೇಳಿ, ಅವಳ ಚೀಲ ಇಸಿದುಕೊಂಡರು. ನನಗೆ ಒಂದು ಮಾತೂ ಅನ್ನಲಿಲ್ಲ. ಬೈದಿದ್ದರೆ ಅಷ್ಟು ಭಾರವಾಗುತ್ತಿರಲಿಲ್ಲ.

ನಾನು ಮರೆತದ್ದು ಇಷ್ಟು: ವೇಗಗಳನ್ನು ಕೂಡಿಸಿ ಅರ್ಧ ಮಾಡುವುದು, ಎರಡು ವೇಗದಲ್ಲೂ ಒಂದೇ ಹೊತ್ತು ಓಡಿಸಿದಾಗ ಮಾತ್ರ ಸರಿ. ಮುಂಡಗೋಡದ ಕಡೆಗೆ ಒಂದು ತಾಸು 60ರಲ್ಲಿ, ಮತ್ತೊಂದು ತಾಸು 30ರಲ್ಲಿ ಹೋದರೆ ಎರಡು ತಾಸಿಗೆ 90 ಕಿ.ಮೀ.; ಅಲ್ಲಿ 45 ನಿಜ. ದೂರ ಸಮನಾಗಿದ್ದರೆ ನಿಧಾನದ ರಸ್ತೆಯೇ ಹೆಚ್ಚು ಹೊತ್ತು ನುಂಗುತ್ತದೆ. ಒಟ್ಟು ದೂರವನ್ನು ಒಟ್ಟು ಹೊತ್ತಿನಿಂದ ಭಾಗಿಸುವುದೇ ದಾರಿ. ವರ್ಷಗಟ್ಟಲೆ ಆ ಬಸ್ಸಿನಲ್ಲಿ ಕೂತು ಬಂದ ಹುಡುಗಿಗೆ ಇದು ಗೊತ್ತಿತ್ತು.

ರಜೆ ಮುಗಿದು ಅವಳು ಬಂದ ದಿನ, ಎಲ್ಲ ಮಕ್ಕಳ ಎದುರಿಗೆ ನನ್ನ ತಪ್ಪು ಹೇಳಿ, ಅವಳ ಪತ್ರಿಕೆ ಇಸಿದುಕೊಂಡು ಅಂಕ ತಿದ್ದಿದೆ. ಹಿಂದಿನ ಬೆಂಚಿನ ಹುಡುಗನೊಬ್ಬ ಕೇಳಿದ: "ಅಕ್ಕೋರೆ, ಜೋಯಿಡಾದಿಂದ ಬರುವಾಗ ದಾಂಡೇಲಿ ತನಕ 30ರಲ್ಲೇ ಬಂದ್ರೆ, ಆಮೇಲೆ ಎಷ್ಟು ಜೋರು ಹೊಡೆದ್ರೆ ಒಟ್ಟು ಸರಾಸರಿ 60 ಆಗ್ತದ?"

90 ಎಂಬುದು ನನ್ನ ನಾಲಿಗೆಯ ತುದಿಗೇ ಬಂದಿತ್ತು. ತಡೆದು, ಅವಳ ಕೈಗೆ ಸೀಮೆಸುಣ್ಣ ಕೊಟ್ಟೆ. ಅವಳು ಬೋರ್ಡಿನ ಮೇಲೆ ಏನೂ ಬರೆಯಲಿಲ್ಲ.

"ಆಗೂದೇ ಇಲ್ರೀ," ಅಂದಳು. "ಇದ್ದ ಒಂದು ತಾಸು ದಾಂಡೇಲಿಗೇ ಮುಗೀತು."