ಓಟಾರಾ ಸಂತೆಯಲ್ಲಿ ಕೇಳುವ ಹಾಡು

ಶನಿವಾರದ ಬೆಳಗು. ನ್ಯೂಜಿಲೆಂಡಿನ ದಕ್ಷಿಣ ಆಕ್ಲೆಂಡಿನ ಓಟಾರಾದಲ್ಲಿ, ಕಾರು ನಿಲ್ಲಿಸುವ ಬಯಲಿನಲ್ಲಿ ಸಂತೆ ನೆರೆದಿದೆ. ಎಡಗಡೆ ಕೆಸುವಿನ ಗೆಡ್ಡೆಯ ರಾಶಿ, ಬಲಗಡೆ ತೆಂಗಿನ ಹಾಲಲ್ಲಿ ಬೆಂದ ಬನ್ನಿನ ಘಮ. ಸಮೋವನ್, ಟೋಂಗನ್, ಮಾವೋರಿ ಮಾತುಗಳು ಒಂದರ ಮೇಲೊಂದು ಬೀಳುತ್ತಿವೆ. ಜನರ ನಡುವೆ ತೂರಿ ಮುಂದೆ ಬನ್ನಿ: ಟೀ-ಶರ್ಟ್ ಅಂಗಡಿಯ ಸ್ಪೀಕರಿನಿಂದ ಹೊರಟ ಸದ್ದು ನೇರ ಎದೆಗೇ ಬಡಿಯುತ್ತದೆ.

ಹಾಡು 1995ರ ‘ಹೌ ಬಿಜಾರ್’. ಹಾಡಿದವರು ಇದೇ ಓಟಾರಾದ ಪಾಲಿ ಫುಯೆಮಾನಾ. ತಂದೆ ನಿಯುಎ ದ್ವೀಪದವರು, ತಾಯಿ ಮಾವೋರಿ. ತಂಡದ ಹೆಸರು ಓಎಂಸಿ, ಅಂದರೆ ಓಟಾರಾ ಮಿಲಿಯನೇರ್ಸ್ ಕ್ಲಬ್. ಸುತ್ತಲಿನ ಸರ್ಕಾರಿ ಬಾಡಿಗೆ ಮನೆಗಳನ್ನೊಮ್ಮೆ ನೋಡಿ. ಈ ಕುಚೋದ್ಯಕ್ಕೆ ನಿಮಗೂ ನಗು ಬರುತ್ತದೆ.

ಈಗ ನೇತುಹಾಕಿದ ಅಂಗಿಗಳತ್ತ ತಿರುಗಿ. ಇದೇ ಸಂತೆಯಲ್ಲಿ ಟೀ-ಶರ್ಟ್ ಮಾರುತ್ತಿದ್ದ ಆಂಡಿ ಮರ್ನೇನ್ ಮತ್ತು ಬ್ರದರ್ ಡಿ, 1999ರಲ್ಲಿ ಪಕ್ಕದ ಪಾಪಾಟೋಯ್‌ಟೋಯ್‌ನಲ್ಲಿ ಹಿಪ್‌ಹಾಪ್ ಸಂಸ್ಥೆಯೊಂದನ್ನು ಕಟ್ಟಿದರು. ಹೆಸರು ‘ಡಾನ್ ರೇಡ್’, ನಸುಕಿನ ದಾಳಿ.

ಆ ನಸುಕು 1970ರ ದಶಕದ್ದು. ಇನ್ನೂ ಬೆಳಕು ಹರಿದಿಲ್ಲ. ಬಾಗಿಲು ದಬದಬ ಬಡಿಯುತ್ತದೆ, ನಾಯಿ ಬೊಗಳುತ್ತದೆ. ನಿದ್ದೆಗಣ್ಣಿನಲ್ಲಿ ಎದ್ದವರಿಗೆ ಪೊಲೀಸರದು ಒಂದೇ ಪ್ರಶ್ನೆ: ಕಾಗದಪತ್ರ ಎಲ್ಲಿ? ಕಾರ್ಖಾನೆಗೆ ಕೈ ಬೇಕಿದ್ದಾಗ ಪೆಸಿಫಿಕ್ ದ್ವೀಪಗಳಿಂದ ಕರೆಸಿಕೊಂಡವರನ್ನು, ಆರ್ಥಿಕತೆ ಕುಸಿದಾಗ ಅಟ್ಟತೊಡಗಿದ್ದರು. ಬೀದಿಯಲ್ಲಿ ಮೈಬಣ್ಣ ನೋಡಿ ತಡೆದವರಲ್ಲಿ ಆ ನೆಲದ ಮೂಲನಿವಾಸಿ ಮಾವೋರಿಗಳೂ ಇದ್ದರು. ಇದನ್ನು ಎದುರಿಸಿ ನಿಂತದ್ದು 1971ರಲ್ಲಿ ಹುಟ್ಟಿದ ಪಾಲಿನೇಷಿಯನ್ ಪ್ಯಾಂಥರ್ಸ್ ಎಂಬ ಸಂಘಟನೆ. ಅದರ ಸದಸ್ಯ ಟಿಗಿಲಾವ್ ನೆಸ್ ಅವರ ಮಗನೇ ಗಾಯಕ ಚೆ ಫು. ಅಪ್ಪ ಬೀದಿಯಲ್ಲಿ ಹೂಡಿದ ಜಗಳವನ್ನು ಮಗ ಮೈಕಿನ ಮುಂದೆ ಮುಂದುವರಿಸಿದ.

ಅಷ್ಟರಲ್ಲಿ ಅಂಗಡಿಯವನು ಹಾಡು ಬದಲಿಸುತ್ತಾನೆ. ಕಿವಿ ಕೊರೆಯುವ ಸೈರನ್ ರಾಗ. ಸೈಕಲ್ಲಿಗೆ ಕೊಂಬಿನಾಕಾರದ ಸ್ಪೀಕರುಗಳನ್ನು ಬಿಗಿದು ಸದ್ದಿನ ಪೈಪೋಟಿಗೆ ಇಳಿಯುವ ಈ ಭಾಗದ ಹುಡುಗರಿಗೆ ಚಿರಪರಿಚಿತ. ಮಾನುರೇವಾದ ಹದಿಹರೆಯದ ಹುಡುಗ ಜಾಶ್ 685 ಕಟ್ಟಿದ ಇಂಥದೊಂದು ರಾಗ 2020ರಲ್ಲಿ ಜೇಸನ್ ಡೆರೂಲೋ ದನಿಯೊಂದಿಗೆ ಅಮೆರಿಕದ ಜನಪ್ರಿಯ ಹಾಡುಗಳ ಪಟ್ಟಿಯ ತುದಿಗೇರಿತು. ಹೆಸರಿನ 685, ಸಮೋವಾದ ದೂರವಾಣಿ ಸಂಕೇತ.

ನಸುಕಿನ ದಾಳಿಗಳಿಗಾಗಿ ನ್ಯೂಜಿಲೆಂಡ್ ಸರ್ಕಾರ ಕ್ಷಮೆ ಕೇಳಿದ್ದು 2021ರ ಆಗಸ್ಟ್ 1ರಂದು. ಪ್ರಧಾನಿ ಜಸಿಂಡಾ ಆರ್ಡರ್ನ್ ಸಮೋವನ್ ಪದ್ಧತಿಯಂತೆ ಚಾಪೆ ಹೊದ್ದು ತಲೆಬಾಗಿದರು. ಸರ್ಕಾರ ಬಾಯಿಬಿಡುವ 22 ವರ್ಷ ಮೊದಲೇ ಸಂತೆಯ ಹುಡುಗರು ಆ ಅನ್ಯಾಯವನ್ನು ತಮ್ಮ ಸಂಸ್ಥೆಯ ನಾಮಫಲಕದ ಮೇಲೇ ಬರೆದಿಟ್ಟಿದ್ದರು.