ಮರವಾಗಿ ಬಗ್ಗಿದ ಗಿಡ

‘ಗಿಡವಾಗಿ ಬಗ್ಗದ್ದು ಮರವಾಗಿ ಬಗ್ಗೀತೆ?’ ಎಂಬ ಗಾದೆಯನ್ನು ಆ ಹೈಸ್ಕೂಲು ಮೇಷ್ಟ್ರು 25 ವರ್ಷಗಳಿಂದ ಹೇಳಿಕೊಂಡು ಬಂದಿದ್ದರು. ಶಾಲೆಯ ಮಕ್ಕಳಿಗೂ ಮನೆಯಲ್ಲಿದ್ದ ಮಗನಿಗೂ ಅದು ಬಾಯಿಪಾಠವಾಗಿತ್ತು. ತಮ್ಮ ಮನೆಯಂಗಳದ ಗಿಡವೊಂದು ಈ ಗಾದೆಗೆ ತಿದ್ದುಪಡಿ ತಂದೀತೆಂದು ಮಾತ್ರ ಅವರು ಎಣಿಸಿರಲಿಲ್ಲ.

ಮೈಸೂರಿನ ಹೊಸ ಬಡಾವಣೆಯಲ್ಲಿ ಮನೆ ಕಟ್ಟಿಸಿದಾಗ ಮುಂದೆ 15 ಅಡಿ ಜಾಗ ಉಳಿಯಿತು. ಕೊಂಬೆಗಳು ಜಡೆಯಂತೆ ಇಳಿಬಿದ್ದ ಮರವೊಂದು ಅಲ್ಲಿರಬೇಕೆಂಬುದು ಮೇಷ್ಟ್ರ ಹೆಂಡತಿಯ ಆಸೆ. ಒಂಬತ್ತನೇ ತರಗತಿಯಲ್ಲಿದ್ದ ಮಗನಿಗೋ ಗಿಡಗಳೆಂದರೆ ಹುಚ್ಚು. ಅಪ್ಪ ಮಗ ಇಬ್ಬರೂ ನರ್ಸರಿಗೆ ಹೋದರು.

ಕ್ಯಾಲೆಂಡರಿನ ಚಿತ್ರದಲ್ಲಿ ಕಂಡ ವೀಪಿಂಗ್ ವಿಲ್ಲೋ ಮೇಷ್ಟ್ರ ಮನಸ್ಸಿನಲ್ಲಿತ್ತು. ಸಸ್ಯಶಾಸ್ತ್ರದ ಹೆಸರಿನಲ್ಲಿ ಬ್ಯಾಬಿಲೋನ್ ಇದ್ದರೂ ಅದರ ತವರು ಚೀನಾ. ಬೇರಿಗೆ ಸದಾ ತೇವ ಬೇಕು. ದಿನ ಬಿಟ್ಟು ದಿನ ನಲ್ಲಿಯಲ್ಲಿ ನೀರು ಬರುವ ಮನೆಗೆ ಅದು ಹೊಂದದು. ಕುಂಡದಲ್ಲಿ ಮುದ್ದಾಗಿ ಕಂಡ ವೀಪಿಂಗ್ ಫಿಗ್ ಆಲ, ಅರಳಿಗಳ ಕುಲದ್ದು. ನೆಲಕ್ಕಿಳಿದರೆ ಕಾಂಪೌಂಡು ಗೋಡೆ, ನೀರಿನ ಕೊಳವೆಗಳಿಗೆ ಅದರ ಬೇರಿನ ಕಾಟ ತಪ್ಪದು. ಊರೆಲ್ಲ ಅಶೋಕವೆಂದು ಕರೆಯುವ, ಕಂಬದಂತೆ ನೇರ ನಿಂತು ಕೊಂಬೆ ಇಳಿಬಿಡುವ ಮರಕ್ಕೆ ಅಗಲ ಜಾಗ ಬೇಡ. ಆದರೆ ತಲೆಯ ಮೇಲೆ ವಿದ್ಯುತ್ ತಂತಿ ಇರಬಾರದು. ತುದಿ ಕಡಿದರೆ ಅದರ ಅಂದವೇ ಹೋಯಿತು.

‘ಅಪ್ಪಾ, ಅದು ಸೀತೆ ಕೂತಿದ್ದ ಅಶೋಕ ಅಲ್ಲ’ ಎಂದ ಮಗ. ನಿಜವಾದ ಅಶೋಕದ್ದು ಕಿತ್ತಳೆ, ಕೆಂಪು ಬಣ್ಣದ ಹೂಗೊಂಚಲು. ಅದರ ಎಳೆಯ ಎಲೆಗಳು ತಾಮ್ರದ ಬಣ್ಣದಲ್ಲಿ ಸೋತಂತೆ ಜೋತುಬಿದ್ದಿರುತ್ತವೆ, ಹಸಿರೇರಿದಂತೆ ಗಟ್ಟಿಯಾಗುತ್ತವೆ. ಆದರೆ ಬೆಳವಣಿಗೆ ನಿಧಾನ.

ಕೊನೆಗೆ ಒಪ್ಪಿಗೆಯಾದದ್ದು ಆಸ್ಟ್ರೇಲಿಯಾ ಮೂಲದ, ಕೊಂಬೆ ಇಳಿಬಿಡುವ ಬಾಟಲ್ ಬ್ರಷ್. 15-20 ಅಡಿ ಬೆಳೆಯುತ್ತದೆ, ಬಿಸಿಲೆಂದರೆ ಇಷ್ಟ, ಬೇರೂರಿದ ಮೇಲೆ ಹೆಚ್ಚು ನೀರು ಕೇಳದು. ಬೀಜದ ಸಸಿ ತಾಯಿಯಂತೆಯೇ ಜೋಲುತ್ತದೆಂಬ ಖಾತ್ರಿಯಿಲ್ಲದ್ದರಿಂದ ಕಡ್ಡಿಯಿಂದ ಬೆಳೆಸಿದ್ದನ್ನೇ ಮಗ ಆರಿಸಿದ.

ಎರಡಡಿ ಗುಂಡಿ ತೆಗೆದು, ಕೆಂಪು ಮಣ್ಣು, ಕೊಟ್ಟಿಗೆ ಗೊಬ್ಬರ ಬೆರೆಸಿ ನೆಟ್ಟರು. ಇಂಥ ಗಿಡದ ಎಳೆಯ ಕಾಂಡ ತಾನಾಗಿ ನೆಟ್ಟಗೆ ನಿಲ್ಲದು. ತಲೆಯೆತ್ತರಕ್ಕೆ ಬರುವವರೆಗೆ ಬಿದಿರಿನ ಆಸರೆ ಬೇಕು. ಕಟ್ಟು ಸಡಿಲವಾಗಿರಬೇಕು, ಬಿಗಿದರೆ ತೊಗಟೆಯನ್ನು ಕೊರೆಯುತ್ತದೆ.

ಅಲ್ಲಿಂದ ಮುಂದಿನದು ಮೇಷ್ಟ್ರ ಆಡಳಿತ. ನೋಟ್‌ಬುಕ್ ತಿದ್ದುವ ಶಿಸ್ತಿನಲ್ಲೇ ಕತ್ತರಿ ಹಿಡಿದು, ಜೋತ ತುದಿಗಳನ್ನೆಲ್ಲ ತಿಂಗಳಿಗೊಮ್ಮೆ ಸಮ ಮಾಡಿದರು. ಗಿಡ ದುಂಡಗೆ ಬೆಳೆಯಿತು. ಎರಡು ವರ್ಷ ಕಳೆದರೂ ಹೂವಿನ ಸುಳಿವಿಲ್ಲ. ಅಷ್ಟರಲ್ಲಿ ಮಗ ಪಿಯುಸಿಗೆ ಬಂದಿದ್ದ. ಮುಂದೆ ಎಂಜಿನಿಯರಿಂಗ್ ಎಂದು ಅಪ್ಪ ಗೊತ್ತು ಮಾಡಿಯಾಗಿತ್ತು. ಎಲೆ, ಹೂಗಳನ್ನು ಅಂಟಿಸಿಟ್ಟಿದ್ದ ಅವನ ಪುಸ್ತಕ ಅಟ್ಟ ಸೇರಿತ್ತು. ಮನೆಯಲ್ಲಿ ಅವನ ಮಾತೂ ಕಡಿಮೆಯಾಗಿತ್ತು.

ಒಂದು ಸಂಜೆ ಕತ್ತರಿ ಹಿಡಿದು ಹೊರಟ ಅಪ್ಪನನ್ನು ಅವನೇ ತಡೆದ. ‘ಇದು ಹೂ ಬಿಡೋದು ಕೊಂಬೆಯ ತುದಿಯಲ್ಲಿ, ಅಪ್ಪಾ. ಹೂ ಮುಗಿದ ಮೇಲೆ ಅದೇ ತುದಿಯಿಂದ ಕೊಂಬೆ ಮುಂದಕ್ಕೆ ಹೋಗುತ್ತೆ. ಕತ್ತರಿಸೋದಾದ್ರೆ ಹೂ ಬಾಡಿದ ತಕ್ಷಣ, ಅದರ ಹಿಂದೆ ಸ್ವಲ್ಪ ಕತ್ತರಿಸಬೇಕು. ನೀವು ತಿಂಗಳು ತಿಂಗಳೂ ಕತ್ತರಿಸ್ತಿರೋದು ಹೂವನ್ನೇ.’ ಒಂದು ಕ್ಷಣ ಸುಮ್ಮನಿದ್ದು ಸೇರಿಸಿದ: ‘ನಾನು ಬಿಎಸ್ಸಿ ಅಗ್ರಿ ಓದ್ತೀನಿ.’

ಮೇಷ್ಟ್ರು ಉತ್ತರ ಕೊಡಲಿಲ್ಲ. ಊಟಕ್ಕೆ ಕೂತಾಗಲೂ ತುಟಿ ಬಿಚ್ಚಲಿಲ್ಲ. ಆದರೆ ಮರುದಿನ ಕತ್ತರಿ ಗೂಡು ಸೇರಿತು. ಒಂದು ವಾರದ ಮೇಲೆ ಅಟ್ಟದಿಂದ ಆ ಪುಸ್ತಕವನ್ನು ಇಳಿಸಿ, ದೂಳು ಒರೆಸಿ, ಮಗನ ಮೇಜಿನ ಮೇಲಿಟ್ಟವರು ಅವರೇ.

ಮುಂದಿನ ಶಿವರಾತ್ರಿಯ ಹೊತ್ತಿಗೆ ಇಳಿಬಿದ್ದ ಕೊಂಬೆಗಳ ತುದಿಯಲ್ಲೆಲ್ಲ ಕೆಂಪು ಕುಂಚಗಳು. ಸೂರಕ್ಕಿಗಳು ತಲೆಕೆಳಗಾಗಿ ಜೋತು ಮಕರಂದ ಹೀರುತ್ತಿದ್ದವು. ಮೇಷ್ಟ್ರು ಕಾಂಡವನ್ನು ಅಲುಗಿಸಿ ನೋಡಿ, ಗಟ್ಟಿಯಾಗಿದೆ ಎಂದು ಖಾತ್ರಿಯಾದ ಮೇಲೆ ಬಿದಿರಿನ ಕಟ್ಟು ಬಿಚ್ಚಿದರು.

ತರಗತಿಯಲ್ಲಿ ಅವರು ಈಗಲೂ ಅದೇ ಗಾದೆ ಹೇಳುತ್ತಾರೆ. ಹೇಳಿದ ಮೇಲೆ ಒಂದು ಗಳಿಗೆ ತಡೆದು, ‘ಕೆಲವು ಗಿಡಗಳನ್ನು ಬಿಟ್ಟು’ ಎಂದು ಸೇರಿಸುತ್ತಾರೆ.