ಬಿರುಕಿನಾಚೆಯ ನೌಕರ

1980ರ ದಶಕದ ಕೊನೆಯಲ್ಲಿ ನಮ್ಮ ಹವ್ಯಾಸಿ ತಂಡ ಚೆಕೊಸ್ಲೊವಾಕಿಯದ ನಾಟಕಕಾರ ವಾಕ್ಲಾವ್ ಹಾವೆಲ್‌ನ ‘ಮೆಮೊರಾಂಡಮ್’ ನಾಟಕವನ್ನು ಕನ್ನಡ ಮಾಡಿಕೊಂಡು ಆಡಿತ್ತು. ಪ್ರಾಗ್‌ನಲ್ಲಿ 1965ರಲ್ಲಿ ಮೊದಲು ರಂಗಕ್ಕೆ ಬಂದ ನಾಟಕ. ತಂಡದಲ್ಲಿ ಅರ್ಧಕ್ಕರ್ಧ ಸರ್ಕಾರಿ ಗುಮಾಸ್ತರೇ ಇದ್ದುದರಿಂದ ಅಸಂಗತ ನಾಟಕ ಅಂದರೇನು ಅಂತ ಯಾರಿಗೂ ಪಾಠ ಹೇಳಬೇಕಾಗಲಿಲ್ಲ.

ಕಚೇರಿಯ ನಿರ್ದೇಶಕ ಗ್ರಾಸ್‌ಗೆ ಪ್ಟಿಡೆಪೆ ಎಂಬ ಭಾಷೆಯಲ್ಲಿ ಒಂದು ಪತ್ರ ಬರುತ್ತದೆ. ಅವನಿಗೇ ಗೊತ್ತಾಗದ ಹಾಗೆ ಉಪನಿರ್ದೇಶಕ ಜಾರಿಗೆ ತಂದ ಭಾಷೆ. ಅರ್ಥದಲ್ಲಿ ಗೊಂದಲವೇ ಇರಬಾರದೆಂದು ಒಂದೇ ಉದ್ದದ ಪದಗಳಲ್ಲಿ ಶೇ. 60ರಷ್ಟು ಅಕ್ಷರಗಳಾದರೂ ಬೇರೆಯಾಗಿರಬೇಕು. ಅಪರೂಪದ ಪದ ಉದ್ದವಾಗಬೇಕು. ವೊಂಬ್ಯಾಟ್ ಎಂಬ ಪ್ರಾಣಿಗೆ 319 ಅಕ್ಷರ. ಪತ್ರ ಓದಿಸಲು ಅನುಮತಿ ಬೇಕು, ಕೊಡಬೇಕಾದವರು ಒಬ್ಬರ ಮೇಲೊಬ್ಬರು ಹಾಕುತ್ತಾರೆ. ತಾಲ್ಲೂಕು ಕಚೇರಿ ಅಲೆದು ಚಪ್ಪಲಿ ಸವೆಸಿದ ನಮ್ಮ ಪ್ರೇಕ್ಷಕರು ಬಿದ್ದು ಬಿದ್ದು ನಗುತ್ತಿದ್ದರು. ಅದಕ್ಕಿಂತ ದೊಡ್ಡ ನಗು, ಗೋಡೆಯ ಬಿರುಕಿನಿಂದ ಸಹೋದ್ಯೋಗಿಗಳನ್ನು ಇಣುಕಿ ನೋಡುವುದೇ ಉದ್ಯೋಗವಾದ ನೌಕರನಿಗೆ. ಪದವಿ ಕಳೆದುಕೊಂಡ ಗ್ರಾಸ್‌ಗೂ ಸ್ವಲ್ಪ ಕಾಲ ಅದೇ ಕೆಲಸ.

ಈಚೆಗೆ ಹುಡುಗರ ತಂಡವೊಂದು ನಮ್ಮ ಹಳೆಯ ಹಸ್ತಪ್ರತಿ ಕೇಳಿ ಪಡೆದು ಆಡಿತು. ಬಿರುಕಿನ ನೌಕರನಿಗೆ ಒಬ್ಬರೂ ನಗಲಿಲ್ಲ. ನಿರ್ದೇಶಕ ಹುಡುಗನಿಗೆ ತಾಲೀಮಿನಲ್ಲೇ ಅನುಮಾನ ಇತ್ತು: “ಸಾರ್, ಇದ್ರಲ್ಲಿ ಕಾಮಿಡಿ ಏನಿದೆ? ನನ್ನ ಲ್ಯಾಪ್‌ಟಾಪ್ ಎಷ್ಟು ಹೊತ್ತು ಸುಮ್ನಿತ್ತು ಅಂತ ಮ್ಯಾನೇಜರ್‌ಗೆ ದಿನಾ ರಿಪೋರ್ಟ್ ಹೋಗುತ್ತೆ.”

ನನ್ನ ಪ್ರಕಾರ ನಾಟಕದ ಜೀವ ಕೊನೆಯ ದೃಶ್ಯದಲ್ಲಿದೆ. ನಿಯಮ ಮುರಿದು ಪತ್ರ ಓದಿ ಹೇಳಿದ ಮಾರಿಯಾಳ ಕೆಲಸ ಹೋಗಿದೆ. ಪತ್ರದಲ್ಲಿದ್ದದ್ದು ಪ್ಟಿಡೆಪೆಯನ್ನು ವಿರೋಧಿಸಿದ ಗ್ರಾಸ್‌ಗೆ ಶಹಬ್ಬಾಸ್‌ಗಿರಿ. ಅದರ ಬಲದಿಂದ ಅವನು ಮತ್ತೆ ಕುರ್ಚಿಯ ಮೇಲಿದ್ದಾನೆ. ಅವಳನ್ನು ಉಳಿಸಬಹುದು. ಉಳಿಸುವುದಿಲ್ಲ. ಇಂದಿನ ಮನುಷ್ಯನ ಸಂಕಟದ ಬಗ್ಗೆ ಬಹಳ ಸೊಗಸಾಗಿ ಮಾತಾಡಿ ಊಟಕ್ಕೆ ಹೊರಡುತ್ತಾನೆ. ದುಷ್ಟ ಅಧಿಕಾರಿಯನ್ನು ಯಾರು ಬೇಕಾದರೂ ಬರೆದಾರು. ಸಭ್ಯನೊಬ್ಬ ಹೀಗೆ ನುಣುಚಿಕೊಳ್ಳುವುದನ್ನು ಹಾವೆಲ್ ಮೂವತ್ತು ತುಂಬುವ ಮೊದಲೇ ಕಂಡಿದ್ದ. ಜೈಲು, 1989ರ ರಾಷ್ಟ್ರಪತಿ ಪದವಿ ಎಲ್ಲ ಆಮೇಲಿನವು.

ನಮ್ಮ ಪ್ರದರ್ಶನಗಳಲ್ಲಿ ಆ ಭಾಷಣದ ಹೊತ್ತಿಗೆ ಜನ ಕೊನೆಯ ಬಸ್ಸಿಗೆ ಎದ್ದಿರುತ್ತಿದ್ದರು. ಹುಡುಗರ ಗ್ರಾಸ್ ಅದನ್ನು ಎಚ್‌ಆರ್‌ನವರ ಧಾಟಿಯಲ್ಲಿ, ಮಾತುಮಾತಿಗೂ ಮಾರಿಯಾಳ ಹೆಸರು ಹಿಡಿದು, ಮುಗುಳ್ನಗುತ್ತ ಹೇಳಿದ. ಸಭೆ ಗೊಳ್ಳೆಂದಿತು. ಅಂಥದ್ದೇ ಭಾಷಣ ವಿಡಿಯೊ ಕಾಲ್‌ನಲ್ಲಿ ಕೇಳಿ ಕೆಲಸ ಬಿಟ್ಟವರು ಆ ತಂಡದಲ್ಲೇ ಇಬ್ಬರಿದ್ದರಂತೆ. ಧಾಟಿ ಹೇಳಿಕೊಟ್ಟದ್ದೂ ಅವರೇ.